ನಲವತ್ತೊಂದನೆಯ ಗುರುತು

ನನ್ನ ಯಜಮಾನರು ತೀರಿಕೊಂಡ ಸುದ್ದಿ ಗುರುವಾರ ಮಧ್ಯಾಹ್ನ, ನಾವೆಲ್ಲ ಬುತ್ತಿ ಬಿಚ್ಚುವ ಹೊತ್ತಿಗೆ, ಭೂಪಟ ಕಚೇರಿಗೆ ಬಂತು. ತಂದವನು ಲಗಮಪ್ಪನೆಂಬ ಕುರಿಗಾಹಿ. ಗುಡ್ಡದಿಂದ ಹೆದ್ದಾರಿಯವರೆಗೆ ನಡೆದು, ಅಲ್ಲಿಂದ ಕಡಲೆ ಹೇರಿದ ಲಾರಿಯಲ್ಲಿ ಕುಳಿತು ಗದಗಿಗೆ ಬಂದಿದ್ದ. ಹೆಗಲ ಮೇಲಿನ ಕಂಬಳಿಯನ್ನು ಕೈಗೆ ತೆಗೆದುಕೊಂಡು ಬಾಗಿಲಲ್ಲೇ ನಿಂತ. ನಮ್ಮ ಅಧಿಕಾರಿ ಪರ್ವೀನ್ ಮುಲ್ಲಾ ಎದ್ದು ಅವನ ಹತ್ತಿರ ಹೋದಳು.

“ಸುಣ್ಣದ ಅಜ್ಜಾರು ಸಿಕ್ರು ಬಾಯಾರ,” ಎಂದ. “ಉಸಿರಿಲ್ಲ. ಗುಡ್ಡದ ನೆತ್ತಿ ಮ್ಯಾಲ ಬಂಡೆಗಲ್ಲಿಗೆ ಬೆನ್ನು ಕೊಟ್ಟು ಕುಂತಾಂಗ ಅದಾರ.”

ಎಲ್ಲರೂ ಕೇಳಿದ್ದು ಉಸಿರಿಲ್ಲ ಎಂಬ ಮಾತನ್ನು. ನಾನು ಅದನ್ನೂ ಕೇಳಿದೆ, ನೆತ್ತಿ ಎಂಬುದನ್ನೂ ಕೇಳಿದೆ. ಹನ್ನೊಂದು ಜನರನ್ನು ಎರಡು ದಿನ ಕೊಳ್ಳದ ತಳದಲ್ಲಿ ಹುಡುಕಲು ಹಚ್ಚಿದವಳು ನಾನು.

ಯಾರೋ ನನ್ನ ಭುಜ ಹಿಡಿದರು. ನಾನು ಬಿಡಿಸಿಕೊಂಡು ಕಿಟಕಿಯ ಪಕ್ಕದ ಮೇಜಿಗೆ ಹೋದೆ. ಎರಡು ಚಿತ್ರಗಳನ್ನು ಕೂಡಿಸಿ ನೆಲವನ್ನು ಉಬ್ಬುತಗ್ಗಾಗಿ ತೋರಿಸುವ ಕನ್ನಡಿಗಳ ಜೋಡಿದರ್ಶಕ ಮಂಗಳವಾರ ನಾನು ಬಿಟ್ಟಲ್ಲಿಯೇ ಇತ್ತು. ಅದರ ಕೆಳಗೆ ಎರಡು ಚಿತ್ರಗಳೂ ಹಾಗೆಯೇ ಇದ್ದವು. ಎಡಗಡೆಯದನ್ನು ತೆಗೆದು ಬಲಕ್ಕಿಟ್ಟೆ, ಬಲಗಡೆಯದನ್ನು ಎಡಕ್ಕೆ. ಬಗ್ಗಿ ನೋಡಿದೆ. ಮಂಗಳವಾರ ನಾನು ಕೊಳ್ಳವೆಂದು ಕಂಡದ್ದು ನಿಧಾನವಾಗಿ ಮೇಲೆದ್ದು ಗುಡ್ಡವಾಗಿ ನಿಂತಿತು.

ಇದು ತಿಳಿಯಬೇಕಾದರೆ ನಮ್ಮ ಕೆಲಸ ಏನೆಂಬುದನ್ನು ಮೊದಲು ಹೇಳಬೇಕು.

ಸೂರ್ಯನ ಬಿರುಗಾಳಿ ಬೀಸಿ ಉಪಗ್ರಹಗಳು ಕುರುಡಾಗಿ ಈಗ ಎರಡು ವರ್ಷ. ಮೂರು ದಿನ ಆಕಾಶ ಕುಂಕುಮ ಕಲಸಿದ ನೀರಿನಂತಿತ್ತು. ನಾಲ್ಕನೆಯ ದಿನ ತಿಳಿಯಾಯಿತು. ಫೋನುಗಳು ಮಾತಾಡಿದವು, ಆದರೆ ತಾವು ಎಲ್ಲಿದ್ದೇವೆಂದು ಹೇಳುವುದನ್ನು ಮರೆತವು. ನಕ್ಷೆಗಳನ್ನು ಕೂಡಿಟ್ಟಿದ್ದ ದೊಡ್ಡ ಗಣಕಗಳೂ ಅದೇ ಬಿರುಗಾಳಿಯಲ್ಲಿ ಸುಟ್ಟಿದ್ದವು. ಕಾಗದದ ಮೇಲೆ ನಕ್ಷೆ ಅಚ್ಚು ಹಾಕುವುದನ್ನು ಸರ್ಕಾರ ಬಿಟ್ಟು ಮೂವತ್ತು ವರ್ಷವಾಗಿತ್ತು. ಜನ ಎಷ್ಟು ಬೇಗ ದಾರಿ ಮರೆತಿದ್ದರೆಂಬುದು ಆಗ ತಿಳಿಯಿತು. ಮದುವೆಯ ದಿಬ್ಬಣವೊಂದು ಅದೇ ಹೆಸರಿನ ಬೇರೆ ಊರಿಗೆ ಹೋಗಿ ಅಕ್ಷತೆಯ ಹೊತ್ತು ಮೀರಿತು. ನಮ್ಮ ಓಣಿಯ ಶಾವಂತ್ರೆವ್ವನ ಸೊಸೆಗೆ ಹೆರಿಗೆ ನೋವು ಬಂದಾಗ ಆಂಬುಲೆನ್ಸಿನವನು ಎಂಟು ಮೈಲಿಯ ದಾರಿಗೆ ಮೂರು ತಾಸು ಸುತ್ತಿದ. ಮಗು ಉಳಿಯಲಿಲ್ಲ.

ಆಗ ಸರ್ಕಾರ ಹಳೆಯ ವಿದ್ಯೆಯನ್ನು ಹುಡುಕಿಕೊಂಡು ಬಂತು. ವಿಮಾನದಿಂದ ನೆಲದ ಚಿತ್ರ ತೆಗೆದು ನಕ್ಷೆ ಬರೆಯುವ ವಿದ್ಯೆ. ಗೋದಾಮಿನಲ್ಲಿ ಧೂಳು ತಿನ್ನುತ್ತಿದ್ದ ನಾಲ್ಕು ಯಂತ್ರಗಳನ್ನು ಹೊರಗೆ ತೆಗೆದರು. ಅವುಗಳನ್ನು ನಡೆಸಬಲ್ಲವರಲ್ಲಿ ಬದುಕಿದ್ದವರು ಆರು ಜನ. ಅವರಲ್ಲಿ ನಾನೊಬ್ಬಳು. ನನಗೆ ಎಪ್ಪತ್ತೊಂದು. ಎರಡೂ ಕಣ್ಣಿನ ಪೊರೆ ತೆಗೆಸಿದ್ದೆ. ಆದರೂ ಪರೀಕ್ಷೆಗೆ ಕುಳಿತ ಹರೆಯದವರೆಲ್ಲರಿಗಿಂತ ನನ್ನ ಆಳದ ದೃಷ್ಟಿ ಚೊಕ್ಕವಾಗಿ ಬಂತು. ಅದು ಶಿವ ಕೊಟ್ಟದ್ದು, ನಾನು ಗಳಿಸಿದ್ದಲ್ಲ.

ಆ ಯಂತ್ರದ ಹೆಸರು ಏರೋಕಾರ್ಟೋಗ್ರಾಫ್. ಆಕಾಶದಿಂದ ಕಂಡದ್ದನ್ನು ನಕ್ಷೆಯಾಗಿ ಬರೆಯುವುದು ಎಂದು ಅದರ ಅರ್ಥ. ಎಷ್ಟೋ ಜನ ವಿಮಾನದ ಹೊಟ್ಟೆಯಲ್ಲಿರುವ ಕ್ಯಾಮರಾಕ್ಕೇ ಆ ಹೆಸರು ಹೇಳುತ್ತಾರೆ. ಪತ್ರಿಕೆಯವರೂ ಹಾಗೆಯೇ ಬರೆದರು. ಅದು ಸರಿಯಲ್ಲ. ಕ್ಯಾಮರಾ ನೋಡುತ್ತದೆ ಅಷ್ಟೆ. ಏರೋಕಾರ್ಟೋಗ್ರಾಫ್ ನೆಲದ ಮೇಲೆ ಕುಳಿತು, ನೋಡಿದ್ದನ್ನು ಅಳೆದು ಬರೆಯುತ್ತದೆ. ವಿಮಾನ ಹಾರುತ್ತ ಎಂಟು ಸೆಕೆಂಡಿಗೊಮ್ಮೆ ಚಿತ್ರ ತೆಗೆಯುತ್ತದೆ. ಒಂದೇ ನೆಲ ಎರಡು ಚಿತ್ರಗಳಲ್ಲಿ ಬೀಳುತ್ತದೆ. ಅವನ್ನು ಗಾಜಿನ ಹಲಗೆಗಳ ಮೇಲೆ ಇಳಿಸಿ ಯಂತ್ರದಲ್ಲಿ ಕೂರಿಸುತ್ತೇವೆ. ಒಂದನ್ನು ಎಡಗಣ್ಣಿಗೆ, ಮತ್ತೊಂದನ್ನು ಬಲಗಣ್ಣಿಗೆ ಕೊಟ್ಟರೆ ಚಪ್ಪಟೆ ಚಿತ್ರ ಉಬ್ಬಿ, ಗುಡ್ಡ ಗುಡ್ಡವಾಗಿ, ಹಳ್ಳ ಹಳ್ಳವಾಗಿ ಕಣ್ಣ ಮುಂದೆ ನಿಲ್ಲುತ್ತದೆ. ಆ ನೆಲದ ಮೇಲೆ ಸಾಸಿವೆಗಿಂತ ಸಣ್ಣ ಬೆಳಕಿನ ಚುಕ್ಕೆಯೊಂದು ತೇಲುತ್ತಿರುತ್ತದೆ. ಎರಡು ಕೈಗೆ ಎರಡು ಚಕ್ರ, ಕಾಲಿಗೊಂದು ತಟ್ಟೆ. ಕೈಯಿಂದ ಚುಕ್ಕೆಯನ್ನು ನಡೆಸಬೇಕು, ಕಾಲಿನಿಂದ ಅದನ್ನು ಏರಿಸಬೇಕು, ಇಳಿಸಬೇಕು. ಚುಕ್ಕೆ ನೆಲ ಮುಟ್ಟಿದಾಗ ಅಲ್ಲಿಯ ಎತ್ತರ ಅಂಕಿಯಲ್ಲಿ ಬರುತ್ತದೆ. ಪಕ್ಕದ ಮೇಜಿನ ಮೇಲೆ ಪೆನ್ಸಿಲು ತಾನೇ ಗೆರೆ ಎಳೆಯುತ್ತದೆ.

ಆದರೆ ಆ ನೆಲ ಭೂಮಿಯ ಮೇಲೆ ಎಲ್ಲಿದೆ ಎಂದು ಯಂತ್ರಕ್ಕೆ ಗೊತ್ತಿಲ್ಲ. ಅದಕ್ಕಾಗಿ ಗುಡ್ಡಗಳ ಮೇಲೆ ಮೊದಲೇ ಸುಣ್ಣದ ದೊಡ್ಡ ಶಿಲುಬೆಯಾಕಾರದ ಗುರುತು ಹಾಕಬೇಕು. ಆ ಕೆಲಸ ನನ್ನ ಯಜಮಾನರದು. ಹೆಸರು ಮುರಿಗೆಪ್ಪ. ಎಪ್ಪತ್ತನಾಲ್ಕು ವರ್ಷದ ಮನುಷ್ಯ, ಗಂಟು ಹಾಕಿದ ಹಗ್ಗವನ್ನೂ ಸುಣ್ಣದ ಚೀಲವನ್ನೂ ಹೊತ್ತುಕೊಂಡು ಬಯಲುಬಂಡೆ ಹುಡುಕುತ್ತ ಹೋಗುತ್ತಿದ್ದರು. ಬೇರೆಯವರನ್ನು ಕಳಿಸಿರೆಂದು ನಾನು ಕೇಳಿಕೊಂಡಿದ್ದೆ. ಫೋನಿಲ್ಲದೆ ಆ ಗುಡ್ಡಗಳಲ್ಲಿ ದಾರಿ ತಿಳಿದವರು ಬೇರೆ ಯಾರೂ ಇರಲಿಲ್ಲ.

ಅವರಿಗೆ ಚಿಕ್ಕಂದಿನಲ್ಲಿ ಸಿಡುಬು ಬಂದು ಬಲಗಣ್ಣು ಮಂಜಾಗಿತ್ತು. ಹಾಗಾಗಿ ನಲವತ್ತು ವರ್ಷ ನನ್ನೊಡನೆ ಒಂದೇ ಇಲಾಖೆಯಲ್ಲಿ ದುಡಿದರೂ ಜೋಡಿದರ್ಶಕದೊಳಗಿನ ಗುಡ್ಡವನ್ನು ಅವರು ಒಮ್ಮೆಯೂ ಕಾಣಲಿಲ್ಲ. ಎರಡು ಕಣ್ಣು ಕೂಡಿ ಕೆಲಸ ಮಾಡದೆ ಅದು ಕಾಣುವುದಿಲ್ಲ. ಸಂಜೆ ಮನೆಗೆ ಬಂದು ಕಾಲು ತೊಳೆದು, ವಿಭೂತಿ ಹಚ್ಚಿಕೊಂಡು, ಲಿಂಗಪೂಜೆ ಮುಗಿಸಿ ಊಟಕ್ಕೆ ಕುಳಿತಾಗ ತಪ್ಪದೆ ಒಂದು ಮಾತು ಕೇಳುತ್ತಿದ್ದರು: “ಇವತ್ತ ಏನ್ ಕಂಡಿ?”

ನಾನು ಹೇಳುತ್ತಿದ್ದೆ. ಯಾವ ಹಳ್ಳ ಎಲ್ಲಿ ತಿರುಗಿತು, ಯಾರ ಬಣವೆ ಎಷ್ಟು ಎತ್ತರ, ನಡೆಯುತ್ತಿದ್ದ ಎತ್ತು ಹೇಗೆ ಗಾಳಿಯಲ್ಲಿ ತೇಲಿತು. ಈ ಕೊನೆಯದನ್ನು ಕೇಳಿ ಅವರು ಮಗುವಿನಂತೆ ನಗುತ್ತಿದ್ದರು. ಯಂತ್ರದಲ್ಲಿ ಅದು ನಿಜವಾಗಿ ಹಾಗೆಯೇ ಕಾಣುತ್ತದೆ. ಎರಡು ಚಿತ್ರಗಳ ನಡುವಿನ ಎಂಟು ಸೆಕೆಂಡಿನಲ್ಲಿ ಅಲುಗದೆ ಇದ್ದದ್ದು ನೆಲದ ಮೇಲೆ ಕೂರುತ್ತದೆ. ವಿಮಾನಕ್ಕೆ ಎದುರಾಗಿ ನಡೆದದ್ದು ನೆಲ ಬಿಟ್ಟು ಮೇಲೆ ತೇಲುತ್ತದೆ. ವಿಮಾನದ ಜೊತೆ ನಡೆದದ್ದು ನೆಲದೊಳಗೆ ಇಳಿದಂತೆ ಕಾಣುತ್ತದೆ.

“ನಿನ್ನ ಯಂತ್ರದಾಗ ನಾ ಒಮ್ಮೆರ ಬಂದೇನೇನು?” ಎಂದು ಒಂದು ಸಂಜೆ ಕೇಳಿದರು. ನಾನು ಅವರ ಬೆರಳುಗಳಿಗೆ ಕುಸುಬಿ ಎಣ್ಣೆ ತಿಕ್ಕುತ್ತಿದ್ದೆ. ಸುಣ್ಣದಿಂದ ಬೆರಳೆಲ್ಲ ಬಿರಿದಿದ್ದವು.

“ಎಲ್ಲಿ ಬರ್ತೀರಿ? ಗುರುತು ಹಾಕಿ ಕಳ್ಳರಂಗ ಓಡಿ ಹೋಗ್ತೀರಲ್ಲ. ವಿಮಾನ ಬರೂತನಕ ನಿಲ್ರಿ ಒಮ್ಮೆ. ನಿಂತ್ರ ನಿಲ್ಲಿಸಿ ಇಡ್ತೀನಿ, ನಡದ್ರ ಹಾರಸ್ತೀನಿ.”

“ಹಾರ್ಸು ಹಂಗಾರ,” ಎಂದರು.

ಶಿವರಾತ್ರಿ ಕಳೆದ ಮೇಲಿನ ಸೋಮವಾರ ನವಿಲಕೊಳ್ಳದ ಗುಡ್ಡಗಳ ಮೇಲೆ ವಿಮಾನ ಹಾರುವುದಿತ್ತು. ನಲವತ್ತೊಂದನೆಯ ಗುರುತು ಅಲ್ಲಿ ಬೀಳಬೇಕು. ಅವರು ಭಾನುವಾರವೇ ಹಾಕಿ ಮುಗಿಸಬೇಕಾಗಿತ್ತು. ಹಳ್ಳದ ಸೇತುವೆ ಕುಸಿದದ್ದರಿಂದ ಸುತ್ತಿಕೊಂಡು ಹೋಗಿ ತಡವಾಗಿದೆಯೆಂದು ಭಾನುವಾರ ಸಂಜೆ ಒಂದು ಹಳ್ಳಿಯಿಂದ ಫೋನು ಮಾಡಿ ಹೇಳಿದ್ದರು. ಸೋಮವಾರ ಸಂಜೆ ಅವರು ಇಳಿದು ಬರಲಿಲ್ಲ. ಮಂಗಳವಾರ ಬೆಳಿಗ್ಗೆ ಚಿತ್ರಗಳು ತೊಳೆದು ಬಂದವು. ಇನ್ನೂ ಹಸಿಯಾಗಿದ್ದವು. ಯಾವ ಬಂಡೆಯ ಮೇಲೆ ಅವರು ಗುರುತು ಹಾಕಿದರೆಂದು ಯಾರಿಗೂ ಗೊತ್ತಿಲ್ಲ. ಚಿತ್ರದಲ್ಲಿ ಹುಡುಕಬೇಕು.

ಅರ್ಧ ತಾಸಿನಲ್ಲಿ ಸಿಕ್ಕಿತು. ಗುರುತಿನ ಒಂದೇ ತೋಳು. ಅದರ ಪಕ್ಕದಲ್ಲಿ ಸಣ್ಣ ನೆರಳಿದ್ದ ಒಂದು ಕಪ್ಪು ಚುಕ್ಕೆ, ಅವರೇ.

ನಮ್ಮ ಕೆಲಸದಲ್ಲಿ ಒಂದು ನಿಯಮವಿದೆ. ಜೋಡಿ ಚಿತ್ರ ಇಟ್ಟ ಮೇಲೆ ಮೊದಲು ಬಾವಿ ನೋಡಬೇಕು. ಎಲ್ಲಾದರೂ ಒಂದು ಬಾವಿಯನ್ನು ಹುಡುಕಿ, ಅದು ತಗ್ಗಿನಲ್ಲಿದೆಯೇ ಎಂದು ಖಾತ್ರಿ ಮಾಡಿಕೊಳ್ಳಬೇಕು. ಎಡ ಚಿತ್ರ ಬಲಕ್ಕೆ, ಬಲ ಚಿತ್ರ ಎಡಕ್ಕೆ ಹೋಗಿದ್ದರೆ ಲೋಕವೆಲ್ಲ ಮಗುಚುತ್ತದೆ. ಬಾವಿ ಗೋಪುರವಾಗುತ್ತದೆ, ಹಳ್ಳ ದಿಬ್ಬವಾಗುತ್ತದೆ, ಗುಡ್ಡ ಕೊಳ್ಳವಾಗುತ್ತದೆ. ನೋಡುವವರಿಗೆ ಎಳ್ಳಷ್ಟೂ ಅನುಮಾನ ಬರುವುದಿಲ್ಲ, ಅಷ್ಟು ಸ್ಪಷ್ಟವಾಗಿರುತ್ತದೆ. ಕಚೇರಿಗೆ ಬಂದ ಪ್ರತಿಯೊಬ್ಬರಿಗೂ ಇದನ್ನು ಮೊದಲ ದಿನವೇ ಕಲಿಸಿದವಳು ನಾನು. ಆ ದಿನ ನಾನು ಬಾವಿ ನೋಡಲಿಲ್ಲ. ನನ್ನ ಕಣ್ಣು ಆ ಕಪ್ಪು ಚುಕ್ಕೆಯನ್ನು ಬಿಟ್ಟು ಬೇರೆಡೆಗೆ ಹೋಗಲಿಲ್ಲ.

ಎರಡು ಗುಡ್ಡಗಳ ನಡುವೆ ಕಿರಿದಾದ ಕೊಳ್ಳ, ಅದರ ತಳದಲ್ಲಿ ಅವರು. ತಡವಾದ್ದರಿಂದ ನೆತ್ತಿಗೆ ಏರದೆ ಕೆಳಗಿನ ಬಂಡೆಯ ಮೇಲೇ ಗುರುತು ಹಾಕಲು ಹೋಗಿ ಬಿದ್ದಿದ್ದಾರೆಂದೇ ತಿಳಿದೆ. ಕೆಳಗೆ ಹುಡುಕಿರೆಂದು ಹೇಳಿದೆ. ನಿಜವಾಗಿ ಅಲ್ಲಿದ್ದದ್ದು ಎರಡು ಕೊಳ್ಳಗಳ ನಡುವಿನ ಒಂದು ಕಿರಿದಾದ ಗುಡ್ಡ. ಹನ್ನೊಂದು ಜನ ಒಂದು ದಿನ ಒಂದು ಕೊಳ್ಳ, ಮರುದಿನ ಇನ್ನೊಂದು ಕೊಳ್ಳ ಜಾಲಾಡಿದರು. ನನ್ನ ಯಜಮಾನರು ಅವರೆಲ್ಲರ ತಲೆಯ ಮೇಲೆ ಇನ್ನೂರು ಅಡಿ ಎತ್ತರದಲ್ಲಿದ್ದರು.

ದೇಹ ಊರಿಗೆ ತರುವ ಸ್ಥಿತಿಯಲ್ಲಿರಲಿಲ್ಲ. ಗುಡ್ಡದ ಬುಡದಲ್ಲೇ ಮಣ್ಣು ಮಾಡಿದೆವು. ಲಗಮಪ್ಪನ ಊರಿನ ಸ್ವಾಮಿಗಳು ಬಂದು ಕ್ರಿಯೆ ನಡೆಸಿದರು. ಕೂರಿಸಿ, ಎಡ ಅಂಗೈಯಲ್ಲಿ ಲಿಂಗವಿಟ್ಟು, ವಿಭೂತಿ ಗಟ್ಟಿಗಳನ್ನು ಸುತ್ತ ಇಟ್ಟರು. ಅವರ ಚೀಲದಲ್ಲಿ ಅರ್ಧಕ್ಕಿಂತ ಹೆಚ್ಚು ಸುಣ್ಣ ಉಳಿದಿತ್ತು. ವೈದ್ಯರು ಎದೆ ನಿಂತು ಹೋಗಿದೆ ಎಂದರು. ಯಾವಾಗ ಎಂದು ನಾನು ಕೇಳಿದೆ. ಇಂಥ ಬಿಸಿಲಿನಲ್ಲಿ ಮೂರು ದಿನ ಕಳೆದ ಮೇಲೆ ಅದನ್ನು ಹೇಳಲಾಗದು ಎಂದರು.

ಆಮೇಲೆ ಮನೆ. ಅದನ್ನು ಹೆಚ್ಚು ಹೇಳುವುದಿಲ್ಲ. ಶಾವಂತ್ರೆವ್ವ ಹನ್ನೊಂದು ದಿನ ರೊಟ್ಟಿ ತಂದುಕೊಟ್ಟಳು. ತನ್ನ ಮೊಮ್ಮಗು ಹೋದಾಗ ನಾನು ತಂದುಕೊಟ್ಟದ್ದನ್ನು ಅವಳು ಮರೆತಿರಲಿಲ್ಲ. ಬಂದವರೆಲ್ಲ ಅವರು ಹೇಗಿದ್ದರೆಂದು ಮಾತಾಡಿದರು. ನಾನು ಏನು ಕಂಡೆನೆಂದು ಕೇಳುವವರು ಇರಲಿಲ್ಲ. ಪೂಜೆಗೆ ಕುಳಿತರೆ ಮಂತ್ರ ಬಾಯಿಗೆ ಬರುತ್ತಿತ್ತು, ಮನಸ್ಸು ಆ ನೆತ್ತಿಯ ಬಂಡೆಗೆ ಹೋಗುತ್ತಿತ್ತು. ಅವರು ಮಂಗಳವಾರ ಬದುಕಿದ್ದರೇ? ಕೆಳಗೆ ಹುಡುಕುವವರ ಕೂಗು ಕೇಳಿಸಿತೇ? ಮೇಲೆ ನೋಡಿರೆಂದು ಹೇಳಲು ದನಿ ಸಾಲದೆ ಹೋಯಿತೇ? ಶಿವನ ಮುಂದೆ ಕುಳಿತು ಕೇಳುವ ಪ್ರಶ್ನೆ ಅದೊಂದೇ ಆಗಿತ್ತು.

ಎರಡು ತಿಂಗಳಾದ ಮೇಲೆ ಪರ್ವೀನ್ ಮನೆಗೆ ಬಂದಳು. ಚಾಪೆಯ ಮೇಲೆ ಕುಳಿತು ಬಹಳ ಹೊತ್ತು ಬೇರೆ ಬೇರೆ ಮಾತಾಡಿದಳು. ನವಿಲಕೊಳ್ಳದ ಹಾಳೆಯೊಂದು ಬಿಟ್ಟು ಉಳಿದ ನಕ್ಷೆಯೆಲ್ಲ ಮುಗಿದಿದೆಯಂತೆ. ಆ ಭಾಗದಲ್ಲಿ ಹದಿನಾಲ್ಕು ಹಳ್ಳಿಗಳಿವೆ. ಆಂಬುಲೆನ್ಸಿನವರು ಆ ಹಾಳೆಗಾಗಿ ಮೂರು ಸಲ ಕೇಳಿದ್ದಾರೆ. ಬೇರೆಯವರಿಂದ ಮಾಡಿಸಬಹುದು, ಆದರೆ ನನ್ನನ್ನು ಕೇಳದೆ ಆ ಚಿತ್ರಗಳನ್ನು ಮುಟ್ಟಲು ಯಾರಿಗೂ ಮನಸ್ಸಿಲ್ಲ.

ಅವರು ಯಾವಾಗ ಹೋದರೆಂದು ಆ ಚಿತ್ರಗಳಲ್ಲೇ ಹುಡುಕುತ್ತೇನೆಂದೆ. ಆಗ ನಾನು ಅವಳಿಗೆ ಬಾವಿಯ ಮಾತು ಹೇಳಿದೆ. ಅಲ್ಲಿಯವರೆಗೆ ಯಾರಿಗೂ ಹೇಳಿರಲಿಲ್ಲ. ಕೊಳ್ಳವೂ ನೆತ್ತಿಯೂ ಅಕ್ಕಪಕ್ಕ ಇದ್ದದ್ದರಿಂದ ಹುಡುಕುವವರೇ ತಪ್ಪಿದರೆಂದು ಎಲ್ಲರೂ ತಿಳಿದಿದ್ದರು. ಹುಡುಕಲು ಹೋದವರು ತಮ್ಮನ್ನೇ ಹಳಿದುಕೊಳ್ಳುತ್ತಿದ್ದರು.

ಪರ್ವೀನ್ ತಲೆ ತಗ್ಗಿಸಿ ಕೇಳಿದಳು. ಬಳಿಕ ನನ್ನ ಕೈ ಹಿಡಿದು, “ಅಮ್ಮಾರ, ಇದನ್ನ ಇಲ್ಲಿಗೇ ಬಿಡ್ರಿ. ಗೊತ್ತಾಗಿ ಏನ್ ಮಾಡೂದೈತಿ? ಕೆಟ್ಟದ್ದು ಗೊತ್ತಾದ್ರ ಹೆಂಗ ತಡ್ಕೊಂತೀರಿ?” ಎಂದಳು.

“ಅವರನ್ನ ಕಂಡದ್ದು ಆ ಗಾಜಿನ ಚಿತ್ರಗಳಷ್ಟ ಪರ್ವೀನ್. ಸಾಕ್ಷಿ ಅಲ್ಲೇ ಕುಂತೈತಿ. ನಾ ಕೇಳ್ಲಿಲ್ಲಂದ್ರ ಎರಡನೇ ತಪ್ಪು ಆಕ್ಕೈತಿ,” ಎಂದೆ.

ಮರುದಿನ ಬೆಳಿಗ್ಗೆ ಹತ್ತು ಗಂಟೆಗೆ ನಾನು ಏರೋಕಾರ್ಟೋಗ್ರಾಫಿನ ಮುಂದೆ ಕುಳಿತೆ. ಪರ್ವೀನ್ ಪೆನ್ಸಿಲಿನ ಮೇಜಿಗೆ ಕುಳಿತಳು. ಉಳಿದವರನ್ನು ಅವಳೇ ಹೊರಗೆ ಕಳಿಸಿದ್ದಳು. ಆ ಸೋಮವಾರ ವಿಮಾನ ಆ ನೆಲದ ಮೇಲೆ ಮೂರು ಸಲ ಹಾರಿತ್ತು. ಮಂಗಳವಾರ ನಾನು ನೋಡಿದ್ದು ಮೊದಲನೆಯ ಸಲದ ಜೋಡಿಯನ್ನು ಮಾತ್ರ. ಒಂದು ಸಾಲು ಹೋಗುವಾಗ, ಅದರ ಪಕ್ಕದ ಸಾಲು ಬರುವಾಗ. ಮೋಡದ ನೆರಳು ಬಿದ್ದಿತೆಂದು ಮಧ್ಯಾಹ್ನ ಮೊದಲ ಸಾಲನ್ನು ಮತ್ತೊಮ್ಮೆ. ಪ್ರತಿ ಚಿತ್ರದ ಅಂಚಿನಲ್ಲಿ ಒಂದು ಪುಟ್ಟ ಗಡಿಯಾರದ ಚಿತ್ರವೂ ಬೀಳುತ್ತದೆ. ಆದುದರಿಂದ ಹೊತ್ತಿನ ಬಗ್ಗೆ ಸಂಶಯವಿಲ್ಲ.

ಮೊದಲನೆಯ ಜೋಡಿ, ಹತ್ತು ಗಂಟೆ ಹದಿನಾಲ್ಕು ನಿಮಿಷ. ಗಾಜುಗಳನ್ನು ಕೂರಿಸಿ ಬಾವಿ ಹುಡುಕಿದೆ. ಗುಡ್ಡದ ಕೆಳಗಿನ ಹೊಲದಲ್ಲೊಂದು ಇತ್ತು. ಬೆಳಕಿನ ಚುಕ್ಕೆಯನ್ನು ಅದರೊಳಗೆ ಇಳಿಸಿದೆ. ಇಳಿಯಿತು, ನೀರಿನವರೆಗೆ ಇಳಿಯಿತು. ಆಮೇಲೆ ಚಕ್ರ ತಿರುಗಿಸುತ್ತ ಗುಡ್ಡದ ಪಕ್ಕೆ ಏರಿ ನೆತ್ತಿಗೆ ಬಂದೆ.

ಸುಣ್ಣದ ತೋಳಿನ ತುದಿಯಲ್ಲಿ ಅವರು ಇದ್ದರು. ಚುಕ್ಕೆಯನ್ನು ಬಂಡೆಯ ಮೇಲಿಟ್ಟೆ. ಆರುನೂರ ಎಂಬತ್ತೆರಡು ಮೀಟರು ಎಂದು ಅಂಕಿ ತೋರಿಸಿತು. ಚುಕ್ಕೆಯನ್ನು ಅವರ ಮೇಲೆ ತಂದೆ. ಅದು ಅವರನ್ನು ಮುಟ್ಟಲಿಲ್ಲ, ಕೆಳಗೇ ಉಳಿಯಿತು. ಕಾಲಿನ ತಟ್ಟೆ ತಿರುಗಿಸಿ ಏರಿಸುತ್ತ ಹೋದೆ. ಆರುನೂರ ಎಂಬತ್ತೆಂಟಕ್ಕೆ ಮುಟ್ಟಿತು. ಒಂದು ಬೇವಿನ ಗಿಡದಷ್ಟು ಎತ್ತರದಲ್ಲಿ, ನೆಲ ಬಿಟ್ಟು, ಬೆನ್ನು ಬಾಗಿಸಿಕೊಂಡು ನನ್ನ ಯಜಮಾನರು ತೇಲುತ್ತಿದ್ದರು. ವಿಮಾನ ಮೂಡಲಿಗೆ ಹೋಗುತ್ತಿತ್ತು. ಅವರು ಸುಣ್ಣ ಸುರಿಯುತ್ತ ಪಡುವಲಿಗೆ ನಡೆಯುತ್ತಿದ್ದರು. ಎಂಟು ಸೆಕೆಂಡಿನಲ್ಲಿ ಏಳೆಂಟು ಸಣ್ಣ ಹೆಜ್ಜೆ.

ನಾನು ಕಣ್ಣು ತೆಗೆಯಲಿಲ್ಲ. ಎಷ್ಟು ಹೊತ್ತು ಹಾಗೆ ಇದ್ದೆನೋ ತಿಳಿಯದು.

ಎರಡನೆಯ ಜೋಡಿ, ಹತ್ತು ಗಂಟೆ ಐವತ್ತು. ಸುಣ್ಣದ ತೋಳು ಮೊದಲಿದ್ದಷ್ಟೇ ಇತ್ತು, ಒಂದು ಗೇಣೂ ಬೆಳೆದಿರಲಿಲ್ಲ. ಅವರು ದೊಡ್ಡ ಬಂಡೆಯ ಪಡುವಣ ಮಗ್ಗುಲಿಗೆ, ನೆರಳಿನಲ್ಲಿ ಇದ್ದರು. ಚುಕ್ಕೆ ಬಂಡೆಯನ್ನೂ ಅವರನ್ನೂ ಒಂದೇ ಎತ್ತರದಲ್ಲಿ ಮುಟ್ಟಿತು. ಕುಳಿತಿದ್ದರು. ದಣಿದು ಕುಳಿತವರೂ ಹೀಗೆಯೇ ಕಾಣುತ್ತಾರೆ. ಅಲುಗಾಟ ಉಂಟೋ ಇಲ್ಲವೋ ಎಂಬುದನ್ನು ಯಂತ್ರ ಹೇಳುತ್ತದೆ. ಜೀವ ಉಂಟೋ ಇಲ್ಲವೋ ಎಂಬುದನ್ನು ಹೇಳುವುದಿಲ್ಲ.

ಮೂರನೆಯ ಜೋಡಿ, ಒಂದೂವರೆ. ಬಿಸಿಲು ಹೊರಳಿತ್ತು. ಬಂಡೆಯ ನೆರಳು ಮೂಡಣ ಮಗ್ಗುಲಿಗೆ ಹೋಗಿತ್ತು. ಅವರು ಪಡುವಣ ಮಗ್ಗುಲಲ್ಲೇ, ಇದ್ದಲ್ಲಿಯೇ, ಪೂರಾ ಬಿಸಿಲಿನಲ್ಲಿ ಇದ್ದರು. ನೆರಳು ನಾಲ್ಕು ಹೆಜ್ಜೆ ಆಚೆ ಇತ್ತು. ಹಿಂದಿನ ಜೋಡಿಯ ಅಂಕಿಗೆ ಹೋಲಿಸಿದೆ. ಕೂದಲೆಳೆಯಷ್ಟೂ ವ್ಯತ್ಯಾಸವಿರಲಿಲ್ಲ.

ನಲವತ್ತು ವರ್ಷ ಗುಡ್ಡದಲ್ಲಿ ದುಡಿದ ಮನುಷ್ಯ. ಬಿಸಿಲು ಮೈಗೆ ತಾಗಿದರೆ ನಿದ್ದೆಯಲ್ಲೂ ನೆರಳಿಗೆ ಸರಿಯುವ ಅಭ್ಯಾಸ ಅವರದು. ಹುಣಸೆ ಮರದ ಕೆಳಗೆ ಮಲಗಿದರೆ ಏಳುವ ಹೊತ್ತಿಗೆ ಮರದ ಸುತ್ತ ಅರ್ಧ ಸುತ್ತು ಬಂದಿರುತ್ತಿದ್ದರು. ನಾನು ಅದಕ್ಕೆ ನಗುತ್ತಿದ್ದೆ.

ಹಾಗಾದರೆ ಸೋಮವಾರ ಮಧ್ಯಾಹ್ನ ಒಂದೂವರೆಯ ಒಳಗೇ ಆಗಿ ಹೋಗಿತ್ತು. ವಿಮಾನ ಇನ್ನೂ ಆಕಾಶದಲ್ಲಿತ್ತು. ಚಿತ್ರ ಇನ್ನೂ ಕತ್ತಲ ಡಬ್ಬಿಯಲ್ಲಿತ್ತು. ಮಂಗಳವಾರ ನಾನು ಬಾವಿ ನೋಡಿದ್ದರೂ ಅವರು ಉಳಿಯುತ್ತಿರಲಿಲ್ಲ. ಕೆಳಗಿನವರ ಕೂಗು ಅವರಿಗೆ ಕೇಳಿಸಿರಲಿಲ್ಲ.

ಇಷ್ಟು ತಿಳಿದ ಮೇಲೆ ಎದೆ ಹಗುರಾಗುವುದೆಂದು ಎಣಿಸಿದ್ದೆ. ಪೂರ್ತಿ ಆಗಲಿಲ್ಲ. ಎರಡು ದಿನ ಅವರು ಆ ಬಂಡೆಯ ಮೇಲೆ ಒಬ್ಬರೇ ಕುಳಿತಿದ್ದರು. ಬಾಯಿಗೆ ನೀರು ಬಿಡುವವರಿಲ್ಲದೆ, ಹಣೆಗೆ ವಿಭೂತಿ ಹಚ್ಚುವವರಿಲ್ಲದೆ. ಅದು ನನ್ನ ತಪ್ಪಿನಿಂದ ಆದದ್ದು, ಅದು ನನ್ನದಾಗಿಯೇ ಉಳಿಯುತ್ತದೆ. ಕಚೇರಿಯ ದಿನಚರಿ ಪುಸ್ತಕ ತರಿಸಿ, ಆ ಮಂಗಳವಾರದ ಹಾಳೆಯಲ್ಲಿ ನನ್ನ ಕೈಯಿಂದಲೇ ಬರೆದೆ: ಎಡಬಲ ಚಿತ್ರ ಅದಲುಬದಲಾಗಿತ್ತು, ಬಾವಿ ನೋಡಲಿಲ್ಲ, ತಪ್ಪು ನನ್ನದು, ಹುಡುಕಲು ಹೋದವರದಲ್ಲ. ಹೆಸರು ಹಾಕಿದೆ, ನಾಗಲಾಂಬಿಕೆ. ಪರ್ವೀನ್ ಅದನ್ನು ಓದಿ ಕೆಳಗೆ ತನ್ನ ಸಹಿ ಹಾಕಿದಳು.

ಆಮೇಲೆ ಕೆಲಸ ಮಾಡಿದೆವು. ಒಂದೇ ತೋಳಿನ ಗುರುತು ನಡೆಯುತ್ತದೆಯೇ ಎಂದು ಅವಳು ಕೇಳಿದಳು. ಅವರ ಹಗ್ಗದ ಗಂಟು ತಪ್ಪುವುದಿಲ್ಲ, ತೋಳಿನ ಮೊದಲ ತುದಿಯೇ ನಡುಬಿಂದು, ಅದನ್ನೇ ಹಿಡಿಯೋಣ ಎಂದೆ. ಲಗಮಪ್ಪ ತೋರಿಸಿದ ಬಂಡೆಗೆ ನಮ್ಮ ಅಳತೆಯವರು ಹೋಗಿ ಅಳೆದು ತಂದ ಅಂಕಿಗೂ ನಮ್ಮ ಅಂಕಿಗೂ ತಾಳೆಯಾಯಿತು. ನೆಲ ಭೂಮಿಯ ಮೇಲೆ ಕೂತಿತು. ಐದು ದಿನದಲ್ಲಿ ಹದಿನಾಲ್ಕು ಹಳ್ಳಿ, ಅವುಗಳ ದಾರಿ, ಹಳ್ಳ, ಕುಸಿದ ಸೇತುವೆ, ಸುತ್ತುಬಳಸಿನ ಹಾದಿ ಎಲ್ಲ ಪೆನ್ಸಿಲಿನ ಕೆಳಗೆ ಬಂದವು. ನೆತ್ತಿಯ ಮೇಲೆ ಸಣ್ಣ ತ್ರಿಕೋನ ಬರೆದು ನಲವತ್ತೊಂದು ಎಂದು ಹಾಕಿದೆ. ನಕ್ಷೆಯಲ್ಲಿ ಮನುಷ್ಯರನ್ನು ಬರೆಯುವ ಪದ್ಧತಿ ಇಲ್ಲ. ನಾನೂ ಬರೆಯಲಿಲ್ಲ.

ಹಾಳೆ ಮುಗಿದ ದಿನ ಹೊತ್ತು ಮುಳುಗುವ ಮೊದಲೇ ಮನೆಗೆ ಬಂದೆ. ಕಾಲು ತೊಳೆದೆ, ವಿಭೂತಿ ಹಚ್ಚಿಕೊಂಡೆ, ಲಿಂಗವನ್ನು ಅಂಗೈಗೆ ತೆಗೆದುಕೊಂಡೆ. ಏನು ಕಂಡೆನೆಂದು ಯಾರೂ ಕೇಳಲಿಲ್ಲ. ಕೇಳದಿದ್ದರೂ ಹೇಳಿದೆ.

“ನಿಮ್ಮನ್ನ ಕಂಡೆ,” ಎಂದೆ. “ಕಡೀಗೆ ಬಂದ್ರಿ ನನ್ನ ಯಂತ್ರದಾಗ. ಹಾರಸ್ತೀನಿ ಅಂದಿದ್ದೆ, ಹಾರಿದ್ರಿ.”

ಶಿವನೇ, ಇವರು ನಿನ್ನ ಬಂಡೆಗಳ ಮೇಲೆ ಗುರುತು ಹಾಕುತ್ತ ಬದುಕಿದವರು. ತಾವು ಹಾಕಿದ ಗುರುತನ್ನು ಆಕಾಶದಿಂದ ಒಮ್ಮೆಯೂ ಕಾಣದವರು. ಈಗ ಕಾಣಿಸು. ಎರಡು ಕಣ್ಣೂ ಕೊಟ್ಟು ಕಾಣಿಸು. ನಾನು ತಡಮಾಡಿ ಒಂಟಿಯಾಗಿ ಕೂರಿಸಿದ ಎರಡು ದಿನವನ್ನು ಅವರ ಲೆಕ್ಕದಿಂದ ತೆಗೆದು ನನ್ನ ಲೆಕ್ಕಕ್ಕೆ ಹಾಕಿಕೋ. ಬಿಸಿಲಿನಲ್ಲಿ ಸರಿಯಲಾರದೆ ಕುಳಿತ ಆ ಜೀವಕ್ಕೆ ನಿನ್ನ ನೆರಳು ತಾನೇ ಸರಿದು ಬರಲಿ. ಅದು ಮತ್ತೆ ಸರಿದು ಹೋಗದಿರಲಿ. ಅಲ್ಲಿ ಅವರಿಗೆ ಶಾಂತಿ ಇರಲಿ.